ಮಾಯಾ ಅಲ್ಲ, ಮಳೆ

"ಈ ರಾಶಿ ನಿಮ್ಮಪ್ಪ ಮಾಡಿದ್ದಲ್ಲ," ಎಂದಳು ಇಂದುಮತಿ.

ಮೈತ್ರೇಯಿ ತಲೆಯೆತ್ತಿದಳು. ನೆಲಮಾಳಿಗೆಯ ಕೋಣೆಯಲ್ಲಿ ಟ್ಯೂಬ್‌ಲೈಟಿನ ಬೆಳಕು, ಹಳೆಯ ಕಾಗದದ ವಾಸನೆ. ಕಪಾಟು ಉರುಳಿದಾಗ ಚೆಲ್ಲಿದ ಪುಸ್ತಕಗಳು ನೆಲದ ಮೇಲೆ ಹಾಗೇ ಬಿದ್ದಿದ್ದವು. ಆಂಬುಲೆನ್ಸಿನವರು ಕಪಾಟನ್ನು ಮಾತ್ರ ಎತ್ತಿ ಪಕ್ಕದ ಗೋಡೆಗೆ ಒರಗಿಸಿ ಹೋಗಿದ್ದರು. ಮೇಜಿನ ಮೇಲಿದ್ದ ನಾಲ್ಕಾರು ರಾಶಿಗಳು ಮಾತ್ರ ಅಲುಗದೆ ನಿಂತಿದ್ದವು.

"ಅಪ್ಪನೇ ಇಟ್ಟಿರಬೇಕು. ಇನ್ಯಾರು ಇಡ್ತಾರೆ?"

"ಇಲ್ಲಿ ನೋಡು. ಇದು ಅ, ಇದು ಆ, ಇದು ಇ. ಆಮೇಲೆ ಕ. ಲೇಖಕರ ಹೆಸರಿನ ಅಕ್ಷರದ ಪ್ರಕಾರ ಜೋಡಿಸಿದ್ದಾರೆ. ನಿಮ್ಮಪ್ಪ ಯಾವತ್ತಾದ್ರೂ ಹೀಗೆ ಜೋಡಿಸಿದ್ದು ನೋಡಿದ್ದೀಯಾ?"

ಮೈತ್ರೇಯಿ ಚೆಲ್ಲಿದ ಪುಸ್ತಕಗಳತ್ತ ನೋಡಿದಳು. ಅವಳಿಗೆ ಉತ್ತರ ಗೊತ್ತಿತ್ತು.

ಸ್ವೀಡನ್ನಿನ ಲಿಂಕೋಪಿಂಗ್‌ನಲ್ಲಿ ಮಲಯಾಳಿಗಳು ಓದಲು ಸೇರುವ ಆ ವಾಯನಶಾಲೆಯ ಪುಸ್ತಕಗಳಿಗೆ ಅಕ್ಷರದ ಕ್ರಮವಿರಲಿಲ್ಲ. ಅವು ಜನರ ಕ್ರಮದಲ್ಲಿದ್ದವು. ಊರಿಗೆ ಹೋದವರು ಬರುವಾಗ ಪೆಟ್ಟಿಗೆಯಲ್ಲಿ ಉಪ್ಪಿನಕಾಯಿಯ ತೂಕ ಇಳಿಸಿ ಪುಸ್ತಕ ತುಂಬಿಕೊಂಡು ಬರುತ್ತಿದ್ದರು. ಯಾರು ಹೊತ್ತು ತಂದರೋ ಅವರ ಹೆಸರು ಆ ಹಲಗೆಗೆ. ಆಸ್ಪತ್ರೆಯ ನರ್ಸ್ ಒಬ್ಬರ ಹಲಗೆ, ವಿಮಾನದ ರೆಕ್ಕೆ ಪರೀಕ್ಷಿಸುವ ಎಂಜಿನಿಯರ್ ಒಬ್ಬರ ಹಲಗೆ, ಮೂರು ತಿಂಗಳಿಗೆಂದು ಬಂದು ಚಳಿ ತಾಳದೆ ಮೂರೇ ವಾರಕ್ಕೆ ಹಿಂದಿರುಗಿದ ಯಾರದೋ ಅತ್ತೆಯ ಹಲಗೆ. 'ಇದು ಯಾರ ಪುಸ್ತಕ' ಎಂದು ಕೇಳಿದರೆ ಅದನ್ನು ನಡೆಸುತ್ತಿದ್ದ ಮೈತ್ರೇಯಿಯ ಅಪ್ಪ ನಂದಕುಮಾರರು ಬರೆದವರ ಹೆಸರನ್ನಲ್ಲ, ತಂದವರ ಹೆಸರನ್ನು ಹೇಳುತ್ತಿದ್ದರು.

ಆ ನಂದಕುಮಾರರ ಮೇಲೆ ಕಪಾಟು ಉರುಳಿ ಎರಡು ವಾರವಾಗಿತ್ತು. ಅವರಿನ್ನೂ ಆಸ್ಪತ್ರೆಯಲ್ಲಿದ್ದರು. ಅಪಘಾತ ಎಂದು ಪೊಲೀಸರು ಕೈತೊಳೆದುಕೊಂಡಿದ್ದರು.

"ಮೇಲಿನ ಹಲಗೆ ಖಾಲಿ ಮಾಡಿ ಇಲ್ಲಿ ಇಟ್ಟವರು ಬೇರೆ ಯಾರೋ," ಇಂದುಮತಿ ಮುಂದುವರಿಸಿದಳು. "ಮಲಯಾಳಂ ಚೆನ್ನಾಗಿ ಓದಬಲ್ಲವರು. ಆದರೆ ಈ ವಾಯನಶಾಲೆಯ ಪದ್ಧತಿ ಗೊತ್ತಿಲ್ಲದವರು. ಅಂದ್ರೆ ಇಲ್ಲಿಗೆ ಹೊಸಬರು."

ಅವಳು ಗೋಡೆಯ ಹತ್ತಿರ ಹೋಗಿ, ಕಪಾಟನ್ನು ಬಿಗಿದಿದ್ದ ಜಾಗದ ತೂತುಗಳಲ್ಲಿ ಬೆರಳಿಟ್ಟಳು. ಅಂಚು ನುಣ್ಣಗಿತ್ತು. ತೂಕಕ್ಕೆ ಕಿತ್ತು ಬಂದಿದ್ದರೆ ಗಾರೆ ಸಿಡಿದಿರಬೇಕಿತ್ತು, ಪುಡಿ ಉದುರಿರಬೇಕಿತ್ತು. ಇಲ್ಲಿ ಅದೊಂದೂ ಇರಲಿಲ್ಲ. ನೆಲದಲ್ಲಿ ಎಲ್ಲೂ ಒಂದು ಸ್ಕ್ರೂ ಕೂಡ ಸಿಕ್ಕಿರಲಿಲ್ಲ.

"ಸ್ಕ್ರೂ ತಿರುಗಿಸಿ ತೆಗೆದಿದ್ದಾರೆ. ತೆಗೆದವರು ಜೊತೆಗೆ ಒಯ್ದಿದ್ದಾರೆ."

ಮೈತ್ರೇಯಿ ಕೋಟಿನ ಜಿಪ್ಪನ್ನು ಮೇಲೆ ಕೆಳಗೆ ಎಳೆಯುತ್ತಾ ನಿಂತಿದ್ದಳು. ಇಪ್ಪತ್ತೆರಡರ ಹುಡುಗಿ. ಹುಟ್ಟಿದ್ದು ತ್ರಿಶೂರಿನ ಕಡೆ, ಬೆಳೆದದ್ದೆಲ್ಲ ಇಲ್ಲೇ. ಈಗ ದೂರದ ಉತ್ತರದ ಲುಲೆಯೊದಲ್ಲಿ ಓದುತ್ತಿದ್ದಳು. ಸುದ್ದಿ ತಿಳಿದ ಮರುದಿನ ರೈಲು ಹತ್ತಿ ಬಂದೆ ಎಂದಿದ್ದಳು. ಬಂದವಳೇ ಇಂದುಮತಿಗೆ ಫೋನ್ ಮಾಡಿ, 'ಪೊಲೀಸರ ಮಾತು ನಂಗೆ ಸಾಲದು, ನೀವು ಹುಡುಕಿ' ಎಂದು ಕೇಳಿಕೊಂಡಿದ್ದಳು. ಅವಳು ಮಾತಾಡುತ್ತಿದ್ದದ್ದು ಸ್ವೀಡಿಷ್. ಮಲಯಾಳಂ ಕಿವಿಗೆ ಅರ್ಥವಾಗುತ್ತಿತ್ತು, ಕಣ್ಣಿಗೆ ಆಗುತ್ತಿರಲಿಲ್ಲ.

"ಸೋಮವಾರ ಕಸದ ಕಂಟೇನರ್ ಬರುತ್ತೆ," ಎಂದಳು ಅವಳು. "ಕಪಾಟು ಕಟ್ಟಿದ್ದೇ ಸರಿಯಿಲ್ಲ, ಜಾಗ ಅಪಾಯ, ಖಾಲಿ ಮಾಡಿ ಅಂತ ವಸತಿ ಸಂಘದವರು ಹೇಳಿಬಿಟ್ಟಿದ್ದಾರೆ."

"ಯಾರೋ ಬೇಕಂತಲೇ ಸ್ಕ್ರೂ ತೆಗೆದಿದ್ದಾರೆ ಅಂತ ತೋರಿಸಿದರೆ, ತಪ್ಪು ಕಪಾಟಿನದೂ ಅಲ್ಲ, ನಿಮ್ಮಪ್ಪನದೂ ಅಲ್ಲ. ಆಗ ಖಾಲಿ ಮಾಡಿ ಅನ್ನೋಕೆ ಅವರಿಗೆ ಕಾರಣ ಉಳಿಯಲ್ಲ."

"ಇವತ್ತು ಶನಿವಾರ, ಆಂಟಿ."

"ಗೊತ್ತು. ಅದಕ್ಕೇ ಹೊತ್ತು ಕಳೀತಿಲ್ಲ, ನೋಡು." ಇಂದುಮತಿ ಕೋಟು ಬಿಚ್ಚಿ ಕುರ್ಚಿಯ ಮೇಲೆ ಎಸೆದಳು. "ಆ ರೆಕಾರ್ಡಿಂಗ್ ಇನ್ನೊಂದ್ಸಲ ಹಾಕು."

ನಂದಕುಮಾರರು ಪ್ರತಿ ವಾರ ಇದೇ ಕೋಣೆಯಲ್ಲಿ ಕೂತು ಕಾದಂಬರಿಯೊಂದರ ಕೆಲವು ಪುಟಗಳನ್ನು ಗಟ್ಟಿಯಾಗಿ ಓದಿ, ಫೋನಿನಲ್ಲಿ ರೆಕಾರ್ಡ್ ಮಾಡಿ, ಕೇಳುಗರ ಗುಂಪಿಗೆ ಕಳಿಸುತ್ತಿದ್ದರು. ಸ್ಯಾಂಡ್‌ವಿಕೆನ್‌ನ ಉಕ್ಕಿನ ಕಾರ್ಖಾನೆಯಲ್ಲಿ ಬಟ್ಟೆ ಬದಲಿಸುವಾಗ ಕೇಳುವವರಿದ್ದರು, ಬಸ್ಸಿನಲ್ಲಿ ಕೂತು ಕೇಳುವ ನರ್ಸ್‌ಗಳಿದ್ದರು. ಊರಿನ ವಾಯನಶಾಲೆಯಲ್ಲಿ ಸಂಜೆ ಒಬ್ಬ ಪತ್ರಿಕೆ ಓದಿದರೆ ಹತ್ತು ಜನ ಕೇಳಿ ಜಗಳವಾಡುತ್ತಿದ್ದರಲ್ಲ, ಅದೇ ಇದು, ಜಗಳ ಮಾತ್ರ ಈಗ ಟೈಪ್ ಮಾಡ್ತಾರೆ ಎನ್ನುತ್ತಿದ್ದರು ನಂದಕುಮಾರರು.

ಮೈತ್ರೇಯಿ ಫೋನನ್ನು ಮೇಜಿನ ಮೇಲಿಟ್ಟಳು. ತುಂಬು ದನಿಯ ಓದು ಕೋಣೆ ತುಂಬಿತು. ನಡುವೆ ಬಾಗಿಲಿನ ಕಿರುಗುಟ್ಟುವಿಕೆ. ಯಾರೋ ಬೂಟು ಒರೆಸುವ ಸದ್ದು. ದೂರದಿಂದ ಒಂದು ಗಂಡು ದನಿ, ಮಲಯಾಳಂನಲ್ಲಿ, ಎರಡೇ ಶಬ್ದ. ನಂದಕುಮಾರರು ನಕ್ಕು, 'ಬಾ, ಕೂತ್ಕೋ, ಈ ಪುಟ ಮುಗಿಸಿಬಿಡ್ತೀನಿ' ಎಂದರು. ಪುಟ ಮುಗಿಯಿತು. ರೆಕಾರ್ಡಿಂಗ್ ನಿಂತಿತು.

ಅದು ಗುಂಪಿಗೆ ಬಂದು ಅರ್ಧ ಗಂಟೆಯಾಗುವಷ್ಟರಲ್ಲಿ ನಂದಕುಮಾರರ ಫೋನಿನಿಂದ ತುರ್ತು ಸೇವೆಗೆ ಕರೆ ಹೋಗಿತ್ತು. ಕರೆಯಲ್ಲಿ ಮಾತಿರಲಿಲ್ಲ. ಕಪಾಟಿನಡಿ ಸಿಕ್ಕ ಮನುಷ್ಯ ಹೇಗೋ ಬೆರಳಾಡಿಸಿರಬೇಕು ಎಂದುಕೊಂಡಿದ್ದರು ಪೊಲೀಸರು.

"ಎಲ್ಲರೂ ಏನು ಅಂತಾರೆ? ಆ ಎರಡು ಶಬ್ದ?"

"ಮಾಯಾ ನಿನ್ನಿಲ್ಲ. ಮಾಯಾ ನಿಲ್ಲಲಿಲ್ಲ, ಹೊರಟುಹೋದಳು ಅಂತ. ಪ್ರಭಾಕರ ಅಂಕಲ್ ಎರಡು ವಾರದಿಂದ ಮಾಯಾ ಅನ್ನೋರನ್ನ ಹುಡುಕ್ತಿದ್ದಾರೆ. ಈ ಊರಲ್ಲಿ ಆ ಹೆಸರಿನೋರು ಒಬ್ಬರು ಸಿಕ್ಕಿದ್ರು. ಎಂಟು ತಿಂಗಳ ಮಗು."

ಪ್ರಭಾಕರ ವಾಯನಶಾಲೆಯ ಕಾರ್ಯದರ್ಶಿ. ಕೋಟ್ಟಯಂ ಕಡೆಯವನು. ಪುಸ್ತಕ ಹೊರುವುದು ಸಾಕು, ಎಲ್ಲವನ್ನೂ ಟ್ಯಾಬ್ಲೆಟ್‌ಗೆ ಹಾಕೋಣ ಎಂದು ನಂದಕುಮಾರರ ಜೊತೆ ಜೋರಾಗಿ ಜಗಳವಾಡಿದ್ದವನು. ಅದಕ್ಕೇ ಇಂದುಮತಿಯ ಸಂದೇಹ ಮೊದಲು ಬಿದ್ದದ್ದು ಅವನ ಮೇಲೆ. ಆದರೆ ರೆಕಾರ್ಡಿಂಗಿನ ದನಿ ಅವನದ್ದಾಗಿರಲು ಸಾಧ್ಯವೇ ಇರಲಿಲ್ಲ. ಅದು ಅವಳಿಗೆ ನಿನ್ನೆ ಬಸ್ಸಿನಲ್ಲಿ, ಹೆಡ್‌ಫೋನ್ ಹಾಕಿಕೊಂಡು ಮತ್ತೆ ಮತ್ತೆ ಕೇಳುವಾಗ, ಥಟ್ಟನೆ ಹೊಳೆದಿತ್ತು.

ಇಂದುಮತಿಯ ಕಸುಬೇ ಕಿವಿ. ಆಸ್ಪತ್ರೆ, ಕೋರ್ಟು, ಪೊಲೀಸ್ ಠಾಣೆಗಳಲ್ಲಿ ಅವಳು ದುಭಾಷಿ. ಕಾಸರಗೋಡಿನಲ್ಲಿ ಹುಟ್ಟಿ, ಕನ್ನಡ ಶಾಲೆಯಲ್ಲಿ ಕಲಿತು, ಅಂಗಡಿ ಬೀದಿಯಲ್ಲಿ ಮಲಯಾಳಂ ಹೀರಿಕೊಂಡವಳು.

"ಅದು ಮಾಯಾ ಅಲ್ಲ," ಎಂದಳು. "ಮಯ. ದೀರ್ಘ ಇಲ್ಲ. ಮಳೆ ನಿಂತಿಲ್ಲ ಅಂತ ಹೇಳ್ತಿದ್ದಾನೆ, ಅಷ್ಟೇ. ಒದ್ದೆಯಾಗಿ ಒಳಗೆ ಬಂದೋನು ಇನ್ನೇನು ಹೇಳ್ತಾನೆ?"

"ಮಳೆಗೆ ಅಪ್ಪ ಮೞ ಅಂತಾರೆ."

"ನಿಮ್ಮಪ್ಪ ತ್ರಿಶೂರಿನವರು. ನಾಲಗೆ ಒಳಗೆ ಮಡಿಸಿ ಹೇಳೋ ಆ ೞ ಅವರಿಗೆ ಬರುತ್ತೆ. ಪ್ರಭಾಕರನಿಗೂ ಬರುತ್ತೆ. ನಮ್ಮ ಕನ್ನಡದಲ್ಲೂ ಆ ಅಕ್ಷರ ಇತ್ತು, ನಾವು ಅದನ್ನ ಕಳಕೊಂಡು ಯಾವ ಕಾಲವಾಯ್ತೋ. ಬಡಗಣ ಮಲಬಾರಿನಲ್ಲಿ, ನಮ್ಮ ಕಾಸರಗೋಡಿನ ಸುತ್ತಮುತ್ತ, ಅದು ಯ ಆಗುತ್ತೆ. ಮೞ ಹೋಗಿ ಮಯ. ಕೋೞಿ ಹೋಗಿ ಕೋಯಿ. ಹಣ್ಣಿನ ಪೞಂ ಹೋಗಿ ಪಯಂ."

ಮೈತ್ರೇಯಿ ಮೆಲ್ಲಗೆ ಹೇಳಿ ನೋಡಿಕೊಂಡಳು. "ಮಯ."

"ನಿಮ್ಮ ವಾಯನಶಾಲೆಯ ಸದಸ್ಯರಲ್ಲಿ ಆ ಕಡೆಯವರು ಒಬ್ಬರೂ ಇಲ್ಲ. ಎಲ್ಲರನ್ನೂ ಮಾತಾಡಿಸಿ ನೋಡಿದ್ದೇನೆ."

"ಹಾಗಾದ್ರೆ ಯಾರು?"

ಇಂದುಮತಿ ನೆಲದ ಪುಸ್ತಕಗಳತ್ತ ಕೈ ತೋರಿದಳು. "ಪುಸ್ತಕ ತುಂಬೋಕೆ ಡಬ್ಬ ಬೇಕು. ದಾರಿಯಾಚೆ ಅಂಗಡಿಯಲ್ಲಿ ಕೇಳಿ ತರ್ತೀಯಾ? ಏನಾದ್ರೂ ಆಗಲಿ, ಒಂದು ಪುಸ್ತಕವೂ ಆ ಕಂಟೇನರಿಗೆ ಹೋಗಬಾರದು."

ಹುಡುಗಿಯ ಹೆಜ್ಜೆ ಮೆಟ್ಟಿಲೇರಿ ದೂರವಾಗುವವರೆಗೆ ಕಾದು, ಅವಳು ಫೋನ್ ತೆಗೆದಳು. ಇದೇ ಕಟ್ಟಡದ ಮೇಲಿನ ಹಾಲಿನಲ್ಲಿ ಶನಿವಾರದ ಕನ್ನಡ ತರಗತಿ ಈಗಷ್ಟೇ ಮುಗಿದಿರಬೇಕು.

"ಶ್ರೀನಾಥ್ ಅವರೇ, ಸ್ವಲ್ಪ ಕೆಳಗೆ ಬರ್ತೀರಾ? ಪುಸ್ತಕ ತುಂಬಬೇಕು, ಒಬ್ಬಳ ಕೈಲಿ ಆಗ್ತಿಲ್ಲ."

ಆ ಕಡೆ ಮಕ್ಕಳ ಗಲಾಟೆ ಕೇಳಿಸಿತು.

"ಬಂದೆ, ಇಂದುಮತಿ ಅವ್ರೇ. ಟೂ ಮಿನಿಟ್ಸ್."

*

ಶ್ರೀನಾಥ ಕನ್ನಡ ಕೂಟದ ಅಧ್ಯಕ್ಷ. ನಲವತ್ತು ದಾಟಿದ ಸಾಫ್ಟ್‌ವೇರ್ ಮನುಷ್ಯ, ಎಲ್ಲರಿಗೂ ಬೇಕಾದವನು. ಹೊಸದಾಗಿ ಬಂದವರಿಗೆ ಪೆರ್ಶೋನ್‌ನುಮ್ಮರ್ ಎಂಬ ಗುರುತಿನ ಸಂಖ್ಯೆ ಮಾಡಿಸುವುದರಿಂದ ಹಿಡಿದು ಮಗುವಿಗೆ ದಾಗಿಸ್ ಎಂಬ ಶಿಶುವಿಹಾರ ಹುಡುಕಿಕೊಡುವವರೆಗೆ ಅವನೇ. ಊರು ಮೈಸೂರು ಎಂದು ಹೇಳುತ್ತಿದ್ದ. ಮಾತು ಅಪ್ಪಟ ಬೆಂಗಳೂರಿನದು.

ಕನ್ನಡ ತರಗತಿಗೆ ಸ್ವಂತ ಕೋಣೆ ಬೇಕೆಂದು ಅವನು ವರ್ಷದಿಂದ ಓಡಾಡುತ್ತಿದ್ದ. ವಸತಿ ಸಂಘದಲ್ಲಿ ಇದ್ದದ್ದು ಇದೊಂದೇ ಕೋಣೆ. ಅದರಲ್ಲಿ ವಾಯನಶಾಲೆ ಇತ್ತು.

ಇಷ್ಟರಿಂದ ಮಾತ್ರ ಅವನನ್ನು ಕರೆಯುವ ಧೈರ್ಯ ಇಂದುಮತಿಗೆ ಬರುತ್ತಿರಲಿಲ್ಲ. ಕಳೆದ ರಾಜ್ಯೋತ್ಸವದ ದಿನ ಊಟ ತಡವಾಗಿ, ಶ್ರೀನಾಥ ಮೂಲೆಯಲ್ಲಿ ನಿಂತು ಫೋನಿನಲ್ಲಿ ಅಡುಗೆಯವನ ಮೇಲೆ ರೇಗಿದ್ದ. 'ಎಂತಕ್ಕೆ ಇಷ್ಟು ಲೇಟು ನಿಮ್ಮದು?' ಮೈಸೂರಿನವನ ಬಾಯಲ್ಲಿ ಆ 'ಎಂತಕ್ಕೆ' ಹುಟ್ಟುವುದಿಲ್ಲ. ಅದು ಅವಳಿಗೆ ಗೊತ್ತಾದದ್ದು ಅವಳೂ ಹಾಗೇ ಮಾಡುತ್ತಿದ್ದರಿಂದ. ಬೆಂಗಳೂರಿನವರ ನಡುವೆ ನಿಂತಾಗ ಅವಳೂ ತನ್ನ 'ಎಂತ'ವನ್ನು ನುಂಗಿ 'ಏನು' ಎನ್ನುತ್ತಿದ್ದಳು.

ಬಾಗಿಲು ಕಿರುಗುಟ್ಟಿತು. ಶ್ರೀನಾಥ ಹೊಸ್ತಿಲಲ್ಲಿ ಬೂಟು ಒರೆಸಿದ.

"ಅಬ್ಬಾ, ಎಷ್ಟೊಂದು ಬುಕ್ಸ್! ಫಸ್ಟ್ ಟೈಮ್ ಬರ್ತಿರೋದು ನಾನು ಇಲ್ಲಿಗೆ." ಅವನ ಕಣ್ಣು ಬಿದ್ದ ಪುಸ್ತಕಗಳನ್ನು, ಒರಗಿದ ಕಪಾಟನ್ನು ಸುತ್ತಿ ಬಂತು. "ಪಾಪ ನಂದಕುಮಾರ್. ಹೇಗಿದ್ದಾರಂತೆ?"

"ಏನೂ ಹೇಳೋಕಾಗಲ್ಲ ಅಂತಾಳೆ ಮಗಳು. ಕೂತ್ಕೊಳ್ಳಿ. ಫ್ಲಾಸ್ಕಲ್ಲಿ ಕಾಫಿ ಇದೆ, ತಿನ್ನೋಕೆ ಸಿಹಿ ಬುಲ್ಲೆ ಇದೆ. ಕಾಫಿ ಕುಡೀತಾ ಫೀಕಾ ಮಾಡ್ಕೊಂಡೇ ಕೆಲಸ ಮಾಡೋಣ."

ಅವಳು ಒಂದೇ ಒಂದು ಡಬ್ಬವನ್ನೂ, ಪುಸ್ತಕಗಳ ಒಂದು ರಾಶಿಯನ್ನೂ ಅವನ ಮುಂದೆ ಸರಿಸಿದಳು. ಆ ಪುಸ್ತಕಗಳನ್ನು ಅವಳೇ ಆರಿಸಿ ಇಟ್ಟಿದ್ದಳು. ಎಲ್ಲವೂ ಹಳೆಯವು, ಮಣ್ಣುಬಣ್ಣದ ಕ್ಯಾಲಿಕೊ ಬಟ್ಟೆಯಲ್ಲಿ ಮರುಬೈಂಡ್ ಮಾಡಿದವು. ರಟ್ಟಿನ ಮೇಲೆ ಚಿತ್ರವಿಲ್ಲ, ಬೆನ್ನಿನ ಮೇಲೆ ಬಿಳಿ ಶಾಯಿಯಲ್ಲಿ ಮಲಯಾಳಂನಲ್ಲಿ ಕೈಯಿಂದ ಬರೆದ ಪುಸ್ತಕದ, ಲೇಖಕರ ಹೆಸರಷ್ಟೇ. ಅರ್ಧದಷ್ಟನ್ನು ತಲೆಕೆಳಗಾಗಿ ಇಟ್ಟಿದ್ದಳು.

"ನಿಮಗೆ ಮಲಯಾಳಂ ಬರುತ್ತಾ?"

"ಛೇ, ಒಂದಕ್ಷರ ಬರಲ್ಲ. ನೋಡಿದ್ರೆ ಜಿಲೇಬಿ ಥರ ಕಾಣುತ್ತೆ," ಎಂದು ನಕ್ಕ.

ಇಂದುಮತಿಯೂ ನಕ್ಕಳು. ಕಾಫಿ ಬಗ್ಗಿಸಿದಳು. ಯುಗಾದಿಗೆ ಹಾಲಿನ ಬಾಡಿಗೆ ಎಷ್ಟು, ಹೋಳಿಗೆ ಯಾರು ಮಾಡುತ್ತಾರೆ, ಮಕ್ಕಳ ನಾಟಕಕ್ಕೆ ಮೈಕು ಸಿಗುತ್ತದೆಯೇ ಎಂದು ಕೇಳುತ್ತಾ ಹೋದಳು. ಶ್ರೀನಾಥ ಉತ್ಸಾಹದಿಂದ ಉತ್ತರಿಸುತ್ತಿದ್ದ. ಕೈ ತನ್ನ ಪಾಡಿಗೆ ಕೆಲಸ ಮಾಡುತ್ತಿತ್ತು.

ಅವಳು ಆ ಕೈಯನ್ನಷ್ಟೇ ನೋಡುತ್ತಿದ್ದಳು.

ತಲೆಕೆಳಗಾದ ಪುಸ್ತಕ ಬಂದಾಗ ಕೈ ಅದನ್ನು ತಿರುಗಿಸುತ್ತಿತ್ತು. ಕೆಲವನ್ನು ಡಬ್ಬದ ಆ ತುದಿಗೆ, ಕೆಲವನ್ನು ಈ ತುದಿಗೆ, ಕೆಲವನ್ನು ನಡುವೆ ಬಿಡಿಸಿ ಸೇರಿಸುತ್ತಿತ್ತು. ಒಂದು ದಪ್ಪ ಪುಸ್ತಕ ಬಂತು. ಅವನು ಅದರ ಬೆನ್ನು ನೋಡಿ, ಡಬ್ಬಕ್ಕೆ ಹಾಕದೆ ತೊಡೆಯ ಮೇಲಿಟ್ಟುಕೊಂಡ. ಹೋಳಿಗೆಯ ಲೆಕ್ಕ ಹೇಳುತ್ತಾ ಇನ್ನಷ್ಟು ಪುಸ್ತಕಗಳನ್ನು ತುಂಬಿದ. ಅದರ ಜೋಡಿ ಸಿಕ್ಕಿತು. ಮೊದಲು ಜೋಡಿಯನ್ನು ಒಳಗಿಟ್ಟು, ಅದರ ಪಕ್ಕಕ್ಕೆ ತೊಡೆಯ ಮೇಲಿದ್ದದ್ದನ್ನು ಸೇರಿಸಿದ.

ಇಂದುಮತಿ ಕಪ್ಪು ಕೆಳಗಿಟ್ಟಳು.

"ಶ್ರೀನಾಥ್, ಆ ದಪ್ಪ ಪುಸ್ತಕವನ್ನ ಯಾಕೆ ತೊಡೆ ಮೇಲೆ ಇಟ್ಕೊಂಡಿದ್ರಿ?"

"ಯಾವುದು?"

"ಎರಡನೇ ಭಾಗ ಅದು. ಮೊದಲನೇ ಭಾಗ ಬರೋವರೆಗೆ ಕಾದ್ರಿ."

ಅವನ ಕೈ ಅಲ್ಲೇ ನಿಂತಿತು.

"ಡಬ್ಬ ನೋಡಿ. ಅ ದಿಂದ ಸಾಲಾಗಿ ಇದೆ. ಮೇಜಿನ ಮೇಲಿರೋ ರಾಶಿಗಳೂ ಹಾಗೇ ಇವೆ, ಎರಡು ವಾರದಿಂದ. ಇಲ್ಲಿ ಆ ಪದ್ಧತಿ ಇಲ್ಲ. ಇಲ್ಲಿನೋರು ಯಾರೂ ಹಾಗೆ ಜೋಡಿಸಲ್ಲ."

"ಇಂದುಮತಿ ಅವ್ರೇ, ಇದು ಸುಮ್ನೆ ಕೋ-ಇನ್ಸಿಡೆನ್ಸ್…"

"ಜಿಲೇಬಿಯನ್ನ ಯಾರೂ ಅಕ್ಷರಮಾಲೆ ಪ್ರಕಾರ ಜೋಡಿಸಲ್ಲ, ಶ್ರೀನಾಥ್."

ಅವನು ಎದ್ದು ನಿಂತ. "ನೀವು ಪೊಲೀಸ್ ಅಲ್ಲ. ನಂಗೆ ಇದಕ್ಕೆಲ್ಲ ಆನ್ಸರ್ ಮಾಡೋ ಅವಶ್ಯಕತೆ ಇಲ್ಲ." ಬಾಗಿಲಿನತ್ತ ಎರಡು ಹೆಜ್ಜೆ ಹಾಕಿ ಹಿಡಿಗೆ ಕೈಯಿಟ್ಟ.

"ಹೋಗಿ. ತಡೆಯಲ್ಲ. ಆದ್ರೆ ಸೋಮವಾರ ಈ ಪುಸ್ತಕ ಎಲ್ಲಾ ಕಸಕ್ಕೆ ಹೋಗುತ್ತೆ. ಒಬ್ಬ ಮನುಷ್ಯ ತನ್ನ ಕಪಾಟನ್ನ ಸರಿಯಾಗಿ ಕಟ್ಟಲಿಲ್ಲ, ತಾನೇ ಅದರಡಿ ಬಿದ್ದ ಅಂತ ಊರೆಲ್ಲಾ ಹೇಳುತ್ತೆ. ಅದು ಸುಳ್ಳು ಅಂತ ನಿಮಗೆ ಗೊತ್ತು." ಅವಳು ದನಿ ಏರಿಸಲಿಲ್ಲ. ಫೋನಿನಲ್ಲಿ ಆ ಎರಡು ಶಬ್ದಗಳಿದ್ದ ಕಡೆಗೆ ಬೆರಳಿಟ್ಟಳು.

ಮಯ ನಿನ್ನಿಲ್ಲ.

"ದನಿ ಗುರುತು ಸಿಗಲ್ಲ ಅಂದ್ಕೊಂಡ್ರಿ. ನಿಜ, ಭಾಷೆ ಬದಲಾದ್ರೆ ಗಂಟಲೂ ಬದಲಾಗುತ್ತೆ. ನಂಗೂ ದನಿ ಗುರುತು ಸಿಗಲಿಲ್ಲ. ಊರು ಗುರುತು ಸಿಕ್ತು." ಅವಳು ಈ ದೇಶಕ್ಕೆ ಬಂದ ಮೇಲೆ ಹೊರಗೆ ಯಾರ ಮುಂದೆಯೂ ಆಡದ ತನ್ನ ಮನೆಯ ಕನ್ನಡದಲ್ಲಿ ಕೇಳಿದಳು. "ನಿಮ್ದು ಎಲ್ಲಿಯಾಯ್ತು ಮಾರಾಯ್ರೇ? ಕುಂಬಳೆಯಾ, ನಮ್ಮ ಕಾಸರಗೋಡಿನ ಹೊಸದುರ್ಗವಾ?"

ಶ್ರೀನಾಥ ಬಾಗಿಲಿನ ಹಿಡಿ ಬಿಟ್ಟ.

"ಹೊಸದುರ್ಗದ ಹತ್ರ," ಎಂದ. ಬೆಂಗಳೂರು ಅವನ ನಾಲಗೆಯಿಂದ ಇಳಿದುಹೋಗಿತ್ತು. "ಯಾರಿಗೂ ಗೊತ್ತಿಲ್ಲ. ಹೆಂಡತಿಗೆ ಬಿಟ್ರೆ."

"ಯಾಕೆ ಮುಚ್ಚಿಟ್ರಿ?"

"ಕಾಲೇಜಿಗೆ ಬೆಂಗಳೂರಿಗೆ ಹೋದಾಗ ಬಾಯಿ ತೆರೆದ್ರೆ 'ಏನೋ ಮಲಯಾಳಿ' ಅಂತಿದ್ರು. ಮನೆಯಲ್ಲಿ ಕನ್ನಡ ಬಿಟ್ಟು ಬೇರೆ ಮಾತಾಡದವ ನಾನು. ಬೇಜಾರಾಗಿ ಮೈಸೂರು ಅಂತ ಹೇಳ್ಲಿಕ್ಕೆ ಶುರು ಮಾಡಿದೆ. ಆಮೇಲೆ ಅದೇ ನಿಂತು ಹೋಯ್ತು." ಅವನು ಮತ್ತೆ ಬಂದು ಕುರ್ಚಿಯಲ್ಲಿ ಕುಸಿದ. ಡಬ್ಬದೊಳಗಿನ ಪುಸ್ತಕಗಳ ಮೇಲೆ ಕೈಯಾಡಿಸಿದ. "ನಮ್ಮ ಅಮ್ಮನಿಗೆ ಮಲಯಾಳಂ ಓದ್ಲಿಕ್ಕೆ ಕಲಿಸಿದ್ದೇ ವಾಯನಶಾಲೆಯ ಒಬ್ರು ಹೆಂಗಸು. ಬಟ್ಟೆ ಚೀಲದಲ್ಲಿ ಪುಸ್ತಕ ಹಾಕಿಕೊಂಡು ಮನೆ ಮನೆಗೆ ಬರ್ತಿದ್ರು. ಹೊರಗೆ ಹೋಗದ ಹೆಂಗಸರಿಗೆ ಓದ್ಲಿಕ್ಕೆ ಅಂತ. ಅಮ್ಮ ಮೊದಲು ಅವರಿಗೆ ನೀರು ಕೊಟ್ಟು ಕಳಿಸ್ತಿದ್ಲು. ಆಮೇಲೆ ಚೀಲ ಬಿಚ್ಚಿಸಿ ನೋಡ್ಲಿಕ್ಕೆ ಹೊರಟ್ಲು. ಆಮೇಲೆ ಅವರು ಬರುದು ಒಂದು ದಿನ ತಡ ಆದ್ರೆ ನನ್ನನ್ನೇ ಓಡಿಸ್ತಿದ್ಲು. ನಾನು ಹಾಗೆ ಹೋದವ ಅಲ್ಲೇ ಉಳ್ಕೊಂಡೆ. ಸಂಜೆ ಪುಸ್ತಕ ಜೋಡಿಸುದು ನನ್ನ ಕೆಲಸ. ಅಕ್ಷರ ಪ್ರಕಾರ. ಕೈ ಮರೀಲಿಲ್ಲ, ನೋಡಿ."

"ನಂದಕುಮಾರ್ ಪರಿಚಯ ಹೇಗೆ?"

"ಅವರ ಓದು ನಾನು ಕೇಳ್ತೇನೆ. ಸೈಕಲಲ್ಲಿ ಆಫೀಸಿಗೆ ಹೋಗುವಾಗ. ಗುಂಪಿನಲ್ಲಿ ನನ್ನ ಹೆಸರು ಇಲ್ಲ, ನಂಬರ್ ಮಾತ್ರ ಉಂಟು."

"ಕೇಳೋನು ನೀವು. ಕೋಣೆ ಬೇಕು ಅನ್ನೋನೂ ನೀವು."

ಅವನು ತಲೆ ತಗ್ಗಿಸಿದ. "ಹೌದು. ಕಪಾಟು ಗಟ್ಟಿ ಇಲ್ಲ, ಡೇಂಜರ್ ಅಂತ ವಸತಿ ಸಂಘದವರ ಕಿವಿಗೆ ಹಾಕಿದ್ದೂ ನಾನೇ. ಹಾಗೆ ಹೇಳಿದ್ರೆ ಕೋಣೆ ಬೇಗ ಸಿಗ್ತದೆ ಅಂತ. ಹೇಳಿದ ದಿನದಿಂದ ನಿದ್ದೆ ಬರ್ಲಿಲ್ಲ ನಂಗೆ. ನಮ್ಮ ಮಕ್ಕಳಿಗೆ ಅ ಆ ಇ ಈ ಕಲಿಸ್ಲಿಕ್ಕೆ ಇನ್ನೊಬ್ಬರ ಅಕ್ಷರ ಹೊರಗೆ ಹಾಕುದಾ ಅಂತ. ಕೊನೆಗೆ ಅವರಿಗೆ ಫೋನ್ ಮಾಡಿ ಎಲ್ಲ ಹೇಳಿಬಿಟ್ಟೆ. ಬೈತಾರೆ ಅಂದ್ಕೊಂಡಿದ್ದೆ. 'ಡ್ರಿಲ್ಲಿಂಗ್ ಮಷೀನ್ ಉಂಟಾ ನಿನ್ನ ಹತ್ರ?' ಅಂತ ಕೇಳಿದ್ರು."

ಇಂದುಮತಿ ಗೋಡೆಯ ತೂತುಗಳತ್ತ ತಿರುಗಿ ನೋಡಿದಳು.

"ಹಳೇ ಸ್ಕ್ರೂ ಗಿಡ್ಡ. ಉದ್ದದ್ದು ಹಾಕಿದ್ರೆ ಇನ್‌ಸ್ಪೆಕ್ಷನ್‌ನಲ್ಲಿ ಯಾರೂ ಎಂತದೂ ಹೇಳುಹಾಗಿಲ್ಲ. ಅದಕ್ಕೇ ಆವತ್ತು ಬಂದದ್ದು ನಾನು. ಮೇಲಿನ ಹಲಗೆ ಖಾಲಿ ಮಾಡಿದೆ. ಸ್ಕ್ರೂ ಬಿಚ್ಚಿದೆ." ಅವನು ಕೋಟಿನ ಒಳಜೇಬಿಗೆ ಕೈ ಹಾಕಿ, ಮುಷ್ಟಿಯನ್ನು ಮೇಜಿನ ಮೇಲೆ ಬಿಚ್ಚಿದ. ತುಕ್ಕು ಹಿಡಿದ ಗಿಡ್ಡ ಸ್ಕ್ರೂಗಳು ಉರುಳಿದವು. "ಅಂಗಡಿಯಲ್ಲಿ ಸೈಜ್ ತೋರಿಸ್ಲಿಕ್ಕೆ ಅಂತ ಜೇಬಿಗೆ ಹಾಕಿದ್ದು. ನಾನು ಬರುವವರೆಗೆ ಕಪಾಟಿನ ಹತ್ರ ಹೋಗ್ಬೇಡಿ ಅಂತ ಹತ್ತು ಸರ್ತಿ ಹೇಳಿದ್ದೇನೆ. ತಿರುಗಿ ಬರುವಾಗ ಆಂಬುಲೆನ್ಸ್ ನಿಂತಿತ್ತು."

"ಆಗಲೇ ಪೊಲೀಸರಿಗೆ ಯಾಕೆ ಹೇಳಲಿಲ್ಲ?"

"ಯಾರು ನಂಬ್ತಾರೆ? ಕೋಣೆಗೆ ಕಣ್ಣು ಹಾಕಿದವ ನಾನು. ಡೇಂಜರ್ ಅಂತ ಹೇಳಿದವ ನಾನು. ಸ್ಕ್ರೂ ಬಿಚ್ಚಿದವ ನಾನು. ವರ್ಕ್ ಪರ್ಮಿಟ್ ರಿನ್ಯೂವಲ್‌ಗೆ ಕೊಟ್ಟು ಕೂತಿದ್ದೇನೆ. ಮಗಳು ಶಾಲೆಗೆ ಹೋಗ್ತಾಳೆ ಇಲ್ಲಿ."

ನಂಬಬಹುದೇ? ಇಂದುಮತಿ ಅವನ ಮುಖವನ್ನಲ್ಲ, ಅವನು ಹೇಳಿದ್ದರ ಕೊಂಡಿಗಳನ್ನು ಮನಸ್ಸಿನಲ್ಲೇ ಎಳೆದು ನೋಡಿದಳು. ನುಣುಪಾದ ತೂತುಗಳಿಗೆ ಕಾರಣ ಸಿಕ್ಕಿತು, ಮೇಜಿನ ಮೇಲಿನ ರಾಶಿಗಳಿಗೂ ಸಿಕ್ಕಿತು. ಕೊಲ್ಲಲು ಬಂದವನು ಪುಸ್ತಕಗಳನ್ನು ಅಕ್ಷರಮಾಲೆಯಲ್ಲಿ ಜೋಡಿಸುತ್ತಾ ಕೂರುವುದಿಲ್ಲ. ಆದರೆ ಒಂದು ಕೊಂಡಿ ಮಾತ್ರ ಕೂಡಲೊಲ್ಲದು. ಹತ್ತಿರ ಹೋಗಬೇಡಿ ಎಂದು ಅಷ್ಟು ಸಲ ಹೇಳಿಸಿಕೊಂಡ ಮನುಷ್ಯ ಹತ್ತಿರ ಹೋದದ್ದೇಕೆ?

"ನೀವು ಹೇಳಿದ್ದನ್ನ ಇವತ್ತೇ ಪೊಲೀಸರ ಮುಂದೆ ಹೇಳ್ತೀರಾ? ನಾನು ಜೊತೆಗೆ ಬರ್ತೇನೆ. ಇದು ಹೊರಗೆ ಬಂದ್ರೆ ಸೋಮವಾರದ ಕಂಟೇನರ್ ನಿಲ್ಲುತ್ತೆ."

ಶ್ರೀನಾಥ ಸ್ಕ್ರೂಗಳನ್ನು ಬಾಚಿ ಅವಳ ಕಡೆಗೆ ಸರಿಸಿದ.

"ಹೇಳ್ತೇನೆ. ಆದದ್ದಾಗ್ಲಿ."

"ಒಂದು ಕೊನೇ ಪ್ರಶ್ನೆ. ನೀವು ಅಂಗಡಿಗೆ ಹೊರಟಾಗ ಅವರು ಒಬ್ಬರೇ ಇದ್ರಾ?"

ಅವನು ಆಶ್ಚರ್ಯದಿಂದ ತಲೆಯೆತ್ತಿದ. "ಇಲ್ಲಲ್ಲ. ನಾನು ಹೊರಡುವಾಗ ಅವರ ಮಗಳು ಮೆಟ್ಟಿಲು ಇಳಿದು ಬರ್ತಿದ್ಲು. ಬಾಗಿಲು ಹಿಡ್ಕೊಂಡು ಒಳಗೆ ಬಿಟ್ಟದ್ದೇ ನಾನು. ಮೈತ್ರೇಯಿ ಅಲ್ವಾ ಅವಳ ಹೆಸರು?"

ಹಿಂದೆ ಏನೋ ಬಿದ್ದ ಸದ್ದಾಯಿತು.

ಖಾಲಿ ಡಬ್ಬಗಳ ನಡುವೆ ಮೈತ್ರೇಯಿ ನಿಂತಿದ್ದಳು. ಅವಳಿಗೆ ಕನ್ನಡ ಬರುತ್ತಿರಲಿಲ್ಲ. ಆದರೆ ತನ್ನ ಹೆಸರು ಕೇಳಿಸಿತ್ತು, ಮೇಜಿನ ಮೇಲಿನ ಸ್ಕ್ರೂಗಳು ಕಂಡಿದ್ದವು, ಬಾಗಿಲು ಹಿಡಿದಿದ್ದವನ ಮುಖದ ಗುರುತೂ ಹತ್ತಿತ್ತು.

"ಆವತ್ತು ಲುಲೆಯೊದಲ್ಲಿ ಇದ್ದೆ ಅಂದಿದ್ದೆ ನೀನು," ಎಂದಳು ಇಂದುಮತಿ, ಸ್ವೀಡಿಷಿನಲ್ಲಿ.

ಹುಡುಗಿ ಅತ್ತಿತ್ತ ನೋಡಲಿಲ್ಲ. ಸುಳ್ಳು ಹೇಳಲೂ ಹೋಗಲಿಲ್ಲ. ಒಳಗೆ ಬಂದು ಬಾಗಿಲು ಮುಚ್ಚಿದಳು.

"ಅಪ್ಪಂಗೆ ಬುಧವಾರವೇ ಎಚ್ಚರ ಆಗಿದೆ. ಮಾತಾಡ್ತಾರೆ, ಊಟ ಮಾಡ್ತಾರೆ. ಆವತ್ತಿನ ಬಗ್ಗೆ ಕೇಳಿದ್ರೆ ಮಾತ್ರ ಗೋಡೆ ಕಡೆ ತಿರುಗ್ತಾರೆ."

"ಕಪಾಟು ಬಿದ್ದಾಗ ನೀನು ಇಲ್ಲೇ ಇದ್ದೆ."

"ಇದ್ದೆ. ಅವರ ಫೋನಿಂದ ಕರೆ ಮಾಡಿದ್ದು ನಾನೇ. 'ನೀನು ಇಲ್ಲಿಗೆ ಬಂದೇ ಇಲ್ಲ, ಹೋಗು' ಅಂದ್ರು ಅಪ್ಪ. ಪುಸ್ತಕಗಳ ಅಡಿಯಿಂದ. ಅವರ ಪ್ರಜ್ಞೆ ತಪ್ಪೋ ಮುಂಚೆ ಕೊನೇ ಮಾತು ಅದು. ಆಂಬುಲೆನ್ಸ್ ಬರೋವರೆಗೆ ಪಕ್ಕದ ಲಾಂಡ್ರಿ ರೂಮಲ್ಲಿ ನಿಂತಿದ್ದೆ."

"ಯಾರು ಬೀಳಿಸಿದ್ದು, ಮೈತ್ರೇಯಿ?"

ಅವಳು ಬಿದ್ದ ಡಬ್ಬವೊಂದನ್ನು ಕಾಲಿನಿಂದ ಪಕ್ಕಕ್ಕೆ ಸರಿಸಿದಳು.

"ಅಪ್ಪನೇ. ಎರಡೂ ಕೈಯಲ್ಲಿ ಕಪಾಟು ಹಿಡಿದು ತಮ್ಮ ಮೇಲೆ ಎಳ್ಕೊಂಡ್ರು. ನಾನು ನೋಡ್ತಾ ನಿಂತಿದ್ದೆ." ಅವಳು ನೆಲದ ಮೇಲೆ ಚೆಲ್ಲಿದ್ದ ಪುಸ್ತಕಗಳನ್ನು ದಾಟಿ ಇಂದುಮತಿಯ ಎದುರು ಬಂದು ನಿಂತಳು. "ಅಪ್ಪ ಬಚ್ಚಿಡು ಅಂದಿದ್ದನ್ನ ನಾನೇ ಹೇಳೋಕಾಗಲಿಲ್ಲ. ಯಾರು ಅಂತ ಹುಡುಕೋಕೆ ನಿಮ್ಮನ್ನ ಕರೀಲಿಲ್ಲ, ಆಂಟಿ. ಯಾಕೆ ಅಂತ ಹುಡುಕಿಕೊಡಿ."